ಇಲ್ಲದ ನಿಲ್ದಾಣದ ಪ್ರಯಾಣಿಕರು

ತನ್ನ ಹಳ್ಳಿಯಲ್ಲಿ ರೈಲು ನಿಲ್ಲಬೇಕೆಂದು ಕಾಲೇಜು ಹುಡುಗಿಯೊಬ್ಬಳು ಸಹಿ ಸಂಗ್ರಹಕ್ಕೆ ಇಳಿದರೆ ಅಧಿಕಾರಿಗಳು ಕೇಳುವುದು ಒಂದೇ: ಅಲ್ಲಿ ಹತ್ತುವವರೆಷ್ಟು ಜನ? ಈ ಪ್ರಶ್ನೆಯನ್ನು ತಳ್ಳಿಹಾಕುವಂತಿಲ್ಲ. ರೈಲು ಇನ್ನೊಂದು ಕಡೆ ನಿಂತರೆ ಒಳಗಿದ್ದವರಿಗೆಲ್ಲ ತಡ. ಪ್ಲಾಟ್‌ಫಾರ್ಮು, ಮೇಲ್ಸೇತುವೆಗಳಿಗೆ ಸಾರ್ವಜನಿಕರ ದುಡ್ಡೇ ಬೇಕು. ಆದರೆ ನಿಲ್ದಾಣವಿಲ್ಲದ ಊರಿನಲ್ಲಿ ಪ್ರಯಾಣಿಕರನ್ನು ಎಣಿಸುವುದು ಹೇಗೆ?

ಎಣಿಕೆಯನ್ನೇ ನಂಬಿದ ಬ್ರಿಟನ್ನಿನ ಬೀಚಿಂಗ್ ವರದಿ 1963ರಲ್ಲಿ 2,363 ನಿಲ್ದಾಣಗಳನ್ನು ಮುಚ್ಚಲು ಹೇಳಿತು. ಸ್ಕಾಟ್ಲೆಂಡಿನ ಈಸ್ಟ್ ಲಿಂಟನ್ ಹಳ್ಳಿ 1964ರಲ್ಲಿ ತನ್ನ ನಿಲ್ದಾಣ ಕಳೆದುಕೊಂಡಿತು. ಹಳಿ ಉಳಿಯಿತು, ಎಡಿನ್‌ಬರೊ–ಲಂಡನ್ ರೈಲುಗಳು ಊರಿನ ಪಕ್ಕದಲ್ಲೇ ನಿಲ್ಲದೆ ಓಡಿದವು. ದಶಕಗಳ ಒತ್ತಾಯದ ನಂತರ 2023ರ ಡಿಸೆಂಬರ್‌ನಲ್ಲಿ ಅಲ್ಲಿ ಹೊಸ ನಿಲ್ದಾಣ ತೆರೆಯಿತು. ಇಂಗ್ಲೆಂಡಿನ ಓಕ್‌ಹ್ಯಾಂಪ್ಟನ್ ಪಟ್ಟಣಕ್ಕೆ 1972ರಲ್ಲಿ ನಿಂತ ನಿತ್ಯದ ರೈಲು 2021ರಲ್ಲಿ ಮರಳಿದಾಗ, ಜನ ಅಂದಾಜನ್ನೂ ಮೀರಿ ಹತ್ತಿದರು. ಆ ಜನ ಮೊದಲೂ ಇದ್ದರು, ಲೆಕ್ಕದಲ್ಲಿ ಇರಲಿಲ್ಲ ಅಷ್ಟೆ.

ಲೆಕ್ಕಕ್ಕೆ ಸಿಗದವರಲ್ಲಿ ವಿದ್ಯಾರ್ಥಿಗಳೇ ಮುಂದು. ಬ್ರಿಟನ್ನಿನಲ್ಲಿ ಕಾರು ಓಡಿಸಲು ಹದಿನೇಳು ತುಂಬಬೇಕು. ದೂರದ ಕಾಲೇಜಿಗೆ ಹೋಗುವ ಪ್ರಸಂಗ ಹದಿನಾರಕ್ಕೇ ಬರುತ್ತದೆ. ಬಸ್ಸು ತಪ್ಪಿದರೆ ಅಪ್ಪ ಅಮ್ಮನ ಕಾರೇ ಗತಿ. ಕಾರಿಲ್ಲದ ಮನೆಯ ಮಕ್ಕಳು ಹತ್ತಿರದಲ್ಲಿ ಸಿಕ್ಕಿದ್ದನ್ನೇ ಓದುತ್ತಾರೆ. ಅವರು ಓದದೆ ಬಿಟ್ಟ ಕೋರ್ಸು ಯಾವ ಟಿಕೆಟ್ ಲೆಕ್ಕದಲ್ಲೂ ಕಾಣುವುದಿಲ್ಲ.

ವಿದ್ಯಾರ್ಥಿ ಇಂದು ಇದ್ದು ನಾಳೆ ಊರು ಬಿಡುವವಳು, ಅವಳ ಮಾತಿಗೆ ಕೋಟಿಗಟ್ಟಲೆ ಸುರಿಯಬೇಕೆ ಎಂಬ ಆಕ್ಷೇಪವಿದೆ. ಅವಳ ವಾದದ ಬಲವೂ ಅಲ್ಲೇ ಇದೆ. ಇಂಥ ಕೆಲಸ ಮುಗಿಯಲು ಹಿಡಿಯುವ ವರ್ಷಗಳನ್ನು ನೋಡಿದರೆ, ಆ ರೈಲು ಅವಳ ಓದಿಗೆ ಒದಗುವ ಸಂಭವ ಕಡಿಮೆ. ಹಾಗಿದ್ದೂ ಕೇಳುವುದು ಸ್ವಾರ್ಥವೆನಿಸದು. ಹಿಂದೆ ಬರುವವರ ಪರವಾದ ಬೇಡಿಕೆ ಅದು.

ಹಾಗೆಂದು ಕೇಳಿದವರಿಗೆಲ್ಲ ನಿಲ್ದಾಣ ಕೊಡಲಾಗದು. ಜಪಾನಿನ ಹೊಕ್ಕೈಡೊದಲ್ಲಿ ಕ್ಯೂ-ಶಿರಾಟಾಕಿ ನಿಲ್ದಾಣವನ್ನು ದಿನವೂ ಬಳಸುತ್ತಿದ್ದವಳು ಒಬ್ಬ ಪ್ರೌಢಶಾಲಾ ಹುಡುಗಿ ಮಾತ್ರ; ಅವಳ ಓದು ಮುಗಿದ 2016ರ ಮಾರ್ಚ್‌ನಲ್ಲಿ ಅದೂ ಮುಚ್ಚಿತು. ಜನ ಖಾಲಿಯಾದ ಊರನ್ನು ನಿಲ್ದಾಣವೊಂದೇ ಉಳಿಸಲಾರದು. ಮನೆಗಳು ಹೆಚ್ಚುತ್ತಿವೆಯೇ, ಕಾಲೇಜಿನ ಹೊತ್ತಿಗೆ ಗಾಡಿ ಇದೆಯೇ, ಸುತ್ತಲಿನ ಹಳ್ಳಿಗಳಿಂದ ಬಸ್ಸು ಬಂದು ಕೂಡುತ್ತದೆಯೇ ಎಂದು ನೋಡಲೇಬೇಕು.

ನೋಡುವ ಹೊಣೆ ಯಾರದು ಎಂಬುದೇ ಮುಖ್ಯ. ಸಮೀಕ್ಷೆ ಮಾಡಲು ಹಣ, ಪರಿಣತರು ಇರುವುದು ರೈಲ್ವೆ ಮತ್ತು ಸರ್ಕಾರದ ಬಳಿ. ಹದಿನೇಳರ ಹುಡುಗಿ ಬೇಡಿಕೆಯಿದೆ ಎಂದು ತೋರಿಸಿಕೊಟ್ಟರೆ ಸಾಕು. ಬೇಡಿಕೆ ಸಾಲದು ಎನ್ನುವವರು ಅದನ್ನು ಅಳೆದು, ಲೆಕ್ಕವನ್ನು ಊರಿನ ಮುಂದಿಟ್ಟು ಹೇಳಬೇಕು.