ಸಂಚಾರಿ ವಿಜಯ್ ಸಿನಿಮಾ ನಮ್ಮೂರಿಗೇಕೆ ಬರಲಿಲ್ಲ?

ಸಂಚಾರಿ ವಿಜಯ್ ಕಡೂರು ತಾಲ್ಲೂಕಿನ ಪಂಚನಹಳ್ಳಿಯವರು. ಎಂಜಿನಿಯರಿಂಗ್ ಓದಿ ಬೆಂಗಳೂರಿನ 'ಸಂಚಾರಿ' ರಂಗತಂಡ ಸೇರಿದರು, ತಂಡದ ಹೆಸರನ್ನೇ ತಮ್ಮ ಹೆಸರಿಗೆ ಸೇರಿಸಿಕೊಂಡರು. ಹಾಡುಗಾರರೂ ಹೌದು.

'ಹರಿವು' ಚಿತ್ರದಲ್ಲಿ ಅವರು ಸತ್ತ ಮಗನನ್ನು ಟ್ರಂಕಿನಲ್ಲಿಟ್ಟು ಬಸ್ಸಿನಲ್ಲಿ ಊರಿಗೆ ಒಯ್ಯುವ ಬಡ ಅಪ್ಪ. ಆಂಬುಲೆನ್ಸ್ ಬಾಡಿಗೆ ಕೇಳಿ ಬೆವತವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. 'ನಾನು ಅವನಲ್ಲ ಅವಳು' ಚಿತ್ರದ ನಟನೆಗೆ 2015ರಲ್ಲಿ ರಾಷ್ಟ್ರಪ್ರಶಸ್ತಿಯೂ ಬಂತು.

ನಮ್ಮ ಟಾಕೀಸಿಗೆ ಮಾತ್ರ ಎರಡೂ ಬರಲಿಲ್ಲ. ನಾವು ನೋಡಿದ್ದು ಮೊಬೈಲಿನಲ್ಲಿ, ಅದೂ 2021ರ ಜೂನ್‌ನಲ್ಲಿ ಬೈಕ್ ಅಪಘಾತದಿಂದ ಅವರು ತೀರಿಕೊಂಡ ಮೇಲೆ. ಸಬ್ಸಿಡಿ ಕೊಡುವ ಸರ್ಕಾರ ಇಂಥ ಚಿತ್ರಗಳನ್ನು ಹಳ್ಳಿ ಶಾಲೆಯ ಅಂಗಳದಲ್ಲಾದರೂ ತೋರಿಸಲಿ. ಪರದೆ ಕಟ್ಟೋಕೆ ನಾವು ಬರ್ತೀವಿ.