ಪೇಪರಿನ ಧಣಿ ಯಾರು?

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ ಯಾವ ಊರಿನ ಹಾಸ್ಟೆಲಿಗೆ ಹೋಗಿ ನೋಡಿ, ಪೇಪರು ಬಂದ ಕೂಡಲೇ ಹಾಳೆ ಹಾಳೆಯಾಗಿ ಹಂಚಿಹೋಗುತ್ತದೆ. ಒಬ್ಬನಿಗೆ ಕ್ರಿಕೆಟ್ಟು, ಒಬ್ಬನಿಗೆ ಸಿನಿಮಾ. ನೌಕರಿ ಜಾಹೀರಾತನ್ನು ಯಾವನೋ ಮೊದಲೇ ಕತ್ತರಿಸಿಕೊಂಡು ಹೋಗಿರುತ್ತಾನೆ. ಆಮೇಲೆ ಶುರು ಜಗಳ. ನಮ್ಮ ಕೇರಿಯ ಸುದ್ದಿ ಯಾಕೆ ಬರಲಿಲ್ಲ? ಬಂದರೂ ಮೂಲೆಯಲ್ಲಿ ನಾಲ್ಕು ಸಾಲು ಯಾಕೆ? ಬೈಗುಳವೆಲ್ಲ ಸಂಪಾದಕನಿಗೆ, ಅವನು ಸಿಗದಿದ್ದರೆ ಊರಿನ ವರದಿಗಾರನಿಗೆ. ಆ ಸಂಪಾದಕನಿಗೆ ಪಗಾರ ಕೊಡುವವನು ಯಾರು ಅಂತ ಕೇಳಿದರೆ ಮಾತ್ರ ನಮ್ಮ ಎಂ.ಎ. ಓದಿದವರೂ ಬಾಯಿ ಬಾಯಿ ಬಿಡುತ್ತಾರೆ.

ಒಬ್ಬ ಧಣಿಯ ಕತೆ ಹೇಳುತ್ತೇನೆ. ಗುಟ್ಟಿನ ಮಾತೇನಲ್ಲ, ಎಲ್ಲರ ಕಣ್ಣೆದುರು ನಡೆದದ್ದು.

ರಾಜೀವ್ ಚಂದ್ರಶೇಖರ್ ಹುಟ್ಟಿದ್ದು 1964ರಲ್ಲಿ, ಅಹಮದಾಬಾದಿನಲ್ಲಿ. ತಂದೆ ವಾಯುಸೇನೆಯ ಅಧಿಕಾರಿ. ಮಣಿಪಾಲದಲ್ಲಿ ಇಂಜಿನಿಯರಿಂಗ್, ಶಿಕಾಗೋದಲ್ಲಿ ಮೇಲಿನ ಓದು, ಆಮೇಲೆ ಇಂಟೆಲ್ ಕಂಪನಿಯಲ್ಲಿ ಕೆಲಸ. ಬುದ್ಧಿವಂತ ಮನುಷ್ಯ, ಅದರಲ್ಲಿ ತಕರಾರಿಲ್ಲ. 1991ರಲ್ಲಿ ಬಿಪಿಎಲ್ ಮನೆಯ ಅಳಿಯನಾದರು. 1994ರಲ್ಲಿ ಬಿಪಿಎಲ್ ಮೊಬೈಲ್ ಕಟ್ಟಿದರು. 2005ರಲ್ಲಿ ಅದರ ಶೇಕಡಾ 64 ಪಾಲನ್ನು ಎಸ್ಸಾರ್ ಕಂಪನಿಗೆ ಮಾರಿದರು. ಆ ವ್ಯವಹಾರದ ಬೆಲೆ 110 ಕೋಟಿ ಡಾಲರ್ ಎಂದು ಆಗ ವರದಿಯಾಯಿತು. ರೂಪಾಯಿಗೆ ತಿರುಗಿಸಿದರೆ ನಾಲ್ಕು ಸಾವಿರ ಕೋಟಿಗೂ ಮೇಲೆ.

ಅದೇ ವರ್ಷ ಜುಪಿಟರ್ ಕ್ಯಾಪಿಟಲ್ ಎಂಬ ಕಂಪನಿ ಹುಟ್ಟಿತು. ಅದರ ಕಸುಬು ಹಣ ಹೂಡುವುದು. ಒಂದು ಕಂಪನಿಯಲ್ಲಿ ಪಾಲು ಕೊಳ್ಳು, ಬೆಳೆಸು, ಬೆಲೆ ಬಂದಾಗ ಮಾರು ಇಲ್ಲವೇ ಇಟ್ಟುಕೊ. ಕಾರ್ಖಾನೆಯಾದರೂ ಅಷ್ಟೆ, ಹೋಟೆಲಾದರೂ ಅಷ್ಟೆ. ಸುದ್ದಿಯೂ ಆ ಪಟ್ಟಿಗೆ ಸೇರಿತು. ಮೊದಲು ಕೇರಳದ ಏಷ್ಯಾನೆಟ್ ನ್ಯೂಸ್, 2008ರಲ್ಲಿ ಕನ್ನಡದ ಸುವರ್ಣ ನ್ಯೂಸ್, 2011ರಲ್ಲಿ ಕನ್ನಡಪ್ರಭ. ಈ ಕನ್ನಡಪ್ರಭ 1967ರಲ್ಲಿ ರಾಮನಾಥ ಗೋಯೆಂಕಾ ಅವರ ಎಕ್ಸ್‌ಪ್ರೆಸ್ ಬಳಗ ಹುಟ್ಟುಹಾಕಿದ್ದು. ಖಾದ್ರಿ ಶಾಮಣ್ಣ, ವೈಎನ್ಕೆ ಅಂಥವರು ಕೂತಿದ್ದ ಕುರ್ಚಿ ಅಲ್ಲಿತ್ತು. ಕುರ್ಚಿ ಅಲ್ಲೇ ಉಳಿಯಿತು, ಮನೆಯ ಯಜಮಾನ ಬದಲಾದ. 2017ರಲ್ಲಿ ಅರ್ನಬ್ ಗೋಸ್ವಾಮಿ ರಿಪಬ್ಲಿಕ್ ಟಿವಿ ತೆರೆದಾಗಲೂ ದೊಡ್ಡ ಪಾಲು ಇವರದೇ ಹಣ.

ಇದರ ಪಕ್ಕದಲ್ಲೇ ಇನ್ನೊಂದು ದಾರಿ ಸಾಗುತ್ತಿತ್ತು. 2006ರಲ್ಲಿ ಕರ್ನಾಟಕದಿಂದ ರಾಜ್ಯಸಭೆಗೆ ಪಕ್ಷೇತರ ಸದಸ್ಯ. 2012ರಲ್ಲಿ ಮತ್ತೆ. 2018ರಲ್ಲಿ ಬಿಜೆಪಿ ಸೇರಿ ಮೂರನೇ ಸಲ. ಆಗ ರಿಪಬ್ಲಿಕ್ ಟಿವಿಯ ಮಂಡಳಿಯಿಂದ ಹೊರಬಂದರು, ಅದನ್ನೂ ಹೇಳಬೇಕು. 2021ರಿಂದ 2024ರವರೆಗೆ ಕೇಂದ್ರದಲ್ಲಿ ರಾಜ್ಯ ಸಚಿವ. 2024ರಲ್ಲಿ ಮೊದಲ ಸಲ ಜನರ ಓಟು ಕೇಳಿ ಲೋಕಸಭೆಗೆ ನಿಂತರು, ತಿರುವನಂತಪುರದಲ್ಲಿ ಶಶಿ ತರೂರ್ ಎದುರು ಸೋತರು. 2025ರಲ್ಲಿ ಕೇರಳ ಬಿಜೆಪಿಯ ಅಧ್ಯಕ್ಷರಾದರು.

ಇಲ್ಲಿ ಕಾನೂನು ಮುರಿದರು ಅಂತ ನಾನು ಹೇಳುತ್ತಿಲ್ಲ. ಎಲ್ಲ ಕಾನೂನಿನ ಪ್ರಕಾರವೇ. ನನ್ನ ತಕರಾರೇ ಅದು. ಶಾಸನ ಮಾಡುವವನೇ ಸುದ್ದಿಯ ಧಣಿಯೂ ಆಗಬಹುದು, ಹಾಗೆ ಆಗುವುದಕ್ಕೆ ಯಾವ ಅಡ್ಡಿಯೂ ಇಲ್ಲ ಎನ್ನುವ ಕಾನೂನು ಯಾರ ಅನುಕೂಲಕ್ಕೆ ಉಳಿದಿದೆ? ಗ್ರಾಮ ಪಂಚಾಯ್ತಿ ಮೆಂಬರು ಪಂಚಾಯ್ತಿಯ ಗುತ್ತಿಗೆ ಹಿಡಿಯುವಂತಿಲ್ಲ. ಅವನಿಗೆ ಒಂದು ನ್ಯಾಯ, ಇವರಿಗೆ ಒಂದು ನ್ಯಾಯ.

ಇವರೊಬ್ಬರದೇ ಕತೆಯೂ ಅಲ್ಲ. ನಮ್ಮ ಕಡೆಯ ವಿಜಯ ಸಂಕೇಶ್ವರರು 1976ರಲ್ಲಿ ಒಂದು ಲಾರಿ ಇಟ್ಟುಕೊಂಡು ಹೊರಟವರು, 1999ರಲ್ಲಿ ವಿಜಯ ಕರ್ನಾಟಕ ತೆಗೆದರು, 2006ರಲ್ಲಿ ಅದನ್ನು ಮುಂಬಯಿಯ ಟೈಮ್ಸ್ ಬಳಗಕ್ಕೆ ಮಾರಿದರು, 2012ರಲ್ಲಿ ವಿಜಯವಾಣಿ ತೆಗೆದರು. ಅವರೂ ಸಂಸತ್ತಿಗೆ ಹೋಗಿಬಂದವರೇ. ಪೇಪರು ಕೊಂಡವನಿಗೆ ಓದುಗರೂ ಲೆಕ್ಕದಲ್ಲೇ ಸಿಕ್ಕರು, ಅಂಗಡಿ ಮಾರುವಾಗ ಖಾತೆ ಪುಸ್ತಕವನ್ನೂ ಕೊಟ್ಟ ಹಾಗೆ. ಆ ಪುಸ್ತಕದಲ್ಲಿ ನಮ್ಮ ಹೆಸರೂ ಇತ್ತು. ನಮ್ಮನ್ನು ಯಾರಾದರೂ ಕೇಳಿದರೇನು?

ಗೆಳೆಯರೆ, ಇದರ ಗಣಿತ ಸರಳ. ನಾವು ಕೊಡುವ ಐದಾರು ರೂಪಾಯಿಯಿಂದ ಪೇಪರು ನಡೆಯುವುದಿಲ್ಲ, ನಡೆಸುವುದು ಜಾಹೀರಾತು. ಜಾಹೀರಾತು ಕೊಡುವವನು ಕಾಗದವನ್ನು ಕೊಳ್ಳುವುದಿಲ್ಲ, ಓದುವವನ ಕಣ್ಣನ್ನು ಕೊಳ್ಳುತ್ತಾನೆ. ಯಾವ ಕಣ್ಣು? ಕಾರು ಕೊಳ್ಳುವ ಕಣ್ಣು, ಬಂಗಾರ ಕೊಳ್ಳುವ ಕಣ್ಣು. ಟಿವಿಯದು ಇನ್ನೂ ವಿಚಿತ್ರ. 2020ರಲ್ಲಿ ದೇಶದಲ್ಲಿ ಸುಮಾರು 21 ಕೋಟಿ ಟಿವಿ ಮನೆಗಳಿದ್ದವು, ಯಾರು ಏನು ನೋಡುತ್ತಾರೆ ಎಂದು ಅಳೆಯುವ ಮೀಟರು ಇದ್ದದ್ದು ಸುಮಾರು 44 ಸಾವಿರ ಮನೆಗಳಲ್ಲಿ. ಆ ಮನೆಗಳ ರುಚಿಯೇ ಇಡೀ ದೇಶದ ರುಚಿ! ಅದೇ ವರ್ಷ ಟಿಆರ್‌ಪಿ ಹಗರಣದ ಕೂಗು ಎದ್ದು, ಸುದ್ದಿ ಚಾನೆಲ್ಲುಗಳ ಅಳತೆಯನ್ನೇ 2022ರವರೆಗೆ ನಿಲ್ಲಿಸಬೇಕಾಯಿತು.

ಈ ಗಣಿತ ಹಿಡಿದುಕೊಂಡು ಸವದತ್ತಿಗೆ ಬನ್ನಿ. ಭಾರತ ಹುಣ್ಣಿಮೆಗೆ ಯಲ್ಲಮ್ಮನ ಗುಡ್ಡಕ್ಕೆ ಕ್ಯಾಮೆರಾ ಏರುತ್ತದೆ. ಭಂಡಾರ ಚೆನ್ನಾಗಿ ಕಾಣುತ್ತದೆ, ಚೌಡಕಿ ಚೆನ್ನಾಗಿ ಕೇಳುತ್ತದೆ. 1982ರಲ್ಲಿ ದೇವದಾಸಿ ನಿಷೇಧದ ಕಾಯಿದೆ ಆಯಿತಲ್ಲ, ಆಮೇಲೆ ಮುತ್ತು ಕಟ್ಟಿಸಿಕೊಂಡ ನಮ್ಮ ಅವ್ವಂದಿರು ಮಾಸಾಶನಕ್ಕೆ ತಹಸೀಲ್ದಾರ ಕಚೇರಿಯ ಮೆಟ್ಟಿಲು ಎಷ್ಟು ಸಲ ಹತ್ತಿಳಿದರು ಅನ್ನುವುದಕ್ಕೆ ಕ್ಯಾಮೆರಾ ಬರುವುದು ಅಪರೂಪ. ಸೋಪು ಮಾರುವವನಿಗೆ ಆ ಮುದುಕಿ ಗಿರಾಕಿಯಲ್ಲ. ರಾಮದುರ್ಗದ ನೇಕಾರನ ಮಗ್ಗ ನಿಂತರೆ, ಬೈಲಹೊಂಗಲದ ಹತ್ತಿ ಬಿಡಿಸುವ ಕೂಲಿ ಹೆಣ್ಮಗಳಿಗೆ ದಿನಗೂಲಿ ಮುರಿದರೆ, ಹಣ ಹೂಡಿದವನಿಗೆ ಅದರಿಂದ ಏನು ಹುಟ್ಟುತ್ತದೆ? ವರದಿಗಾರ ಕೆಟ್ಟವನಾಗಿರಬೇಕಿಲ್ಲ. ಅವನು ಬರೆದು ಕಳಿಸಿದ್ದೂ ಇರಬಹುದು.

ಹಾಗಾದರೆ ದುಡ್ಡೇ ಪಾಪವೇನು? ಹಾಗೆ ಹೇಳುವ ಸನ್ಯಾಸಿ ನಾನಲ್ಲ. ಷೇರು ಮಾರುಕಟ್ಟೆ ಬಲ್ಲವನೊಬ್ಬ ಪತ್ರಿಕೆಯ ಒಡೆಯನಾದ ಇನ್ನೊಂದು ಕತೆ ಇದೆ. ನಮ್ಮ ಹುಡುಗರು ಫೋಟೋಕ್ಕೆ ಹಾರ ಹಾಕುತ್ತಾರೆ, ಈ ಕತೆ ಮಾತ್ರ ಬಹಳ ಮಂದಿಗೆ ಗೊತ್ತಿಲ್ಲ.

ಬಾಬಾಸಾಹೇಬರು ಕೊಲಂಬಿಯಾದಲ್ಲಿ ಅರ್ಥಶಾಸ್ತ್ರ ಓದಿ, ಲಂಡನ್ನಿನ ಓದನ್ನು ಅರ್ಧಕ್ಕೆ ಬಿಟ್ಟು 1917ರಲ್ಲಿ ಹಿಂದಿರುಗಿದರು. ಬರೋಡದಲ್ಲಿ ದೊಡ್ಡ ಹುದ್ದೆ ಇತ್ತು, ತಲೆ ಮೇಲೆ ಸೂರಿಗೆ ಜಾಗ ಸಿಗಲಿಲ್ಲ. ಮುಂಬಯಿಗೆ ಬಂದು, ಷೇರು ವ್ಯಾಪಾರಿಗಳಿಗೆ ಸಲಹೆ ಕೊಡುವ ಒಂದು ಕಚೇರಿ ತೆರೆದರು. ಹೌದು, ಷೇರು! ಯಾವುದನ್ನು ಕೊಳ್ಳಬೇಕು, ಯಾವುದನ್ನು ಬಿಡಬೇಕು ಅಂತ ಹೇಳುವ ಕೆಲಸ. ಗಿರಾಕಿಗಳು ಬಂದರು. ಸಲಹೆ ಕೊಡುವವನ ಜಾತಿ ತಿಳಿದ ಮೇಲೆ ಬರುವುದು ನಿಂತಿತು. ಕಚೇರಿಗೆ ಬೀಗ ಬಿತ್ತು. ದುಡ್ಡಿಗೆ ಜಾತಿಯಿಲ್ಲ ಅನ್ನುವ ಪಂಡಿತರು ಆ ಬೀಗವನ್ನು ಒಂದು ಸಲ ನೆನೆಯಲಿ.

1918ರಲ್ಲಿ ಸಿಡೆನ್ಹ್ಯಾಮ್ ಕಾಲೇಜಿನಲ್ಲಿ ಪ್ರೊಫೆಸರ್ ಆದರು. 1920ರ ಜನವರಿ 31ರಂದು ಮೂಕನಾಯಕ ಹೊರಬಂತು. ಕೊಲ್ಲಾಪುರದ ಶಾಹು ಮಹಾರಾಜರು ಕೊಟ್ಟದ್ದು 2,500 ರೂಪಾಯಿ. ಸರಕಾರಿ ನೌಕರಿಯಲ್ಲಿದ್ದುದರಿಂದ ಸಂಪಾದಕರೆಂದು ತಮ್ಮ ಹೆಸರು ಹಾಕುವಂತಿರಲಿಲ್ಲ. ಕಾಸು ಕೊಡುತ್ತೇವೆ, ನಮ್ಮ ಪತ್ರಿಕೆಯ ಜಾಹೀರಾತು ಹಾಕಿ ಎಂದು ಕೇಳಿದರೆ ತಿಲಕರ ಕೇಸರಿ ಒಪ್ಪಲಿಲ್ಲ. ಆಗಲೂ ಹಣ ತೋರಿಸಿದ್ದರು ನೋಡಿ, ಬಿಟ್ಟಿ ಕೇಳಿರಲಿಲ್ಲ.

ಮೂಕನಾಯಕ 1923ರ ಹೊತ್ತಿಗೆ ನಿಂತುಹೋಯಿತು. ಬಾಬಾಸಾಹೇಬರು ಲಂಡನ್ನಿಗೆ ಓದಲು ಹೋಗಿದ್ದರು, ಇತ್ತ ದುಡ್ಡು ಕರಗಿತ್ತು. ಅದೇ 1923ರಲ್ಲಿ ರೂಪಾಯಿಯ ಸಮಸ್ಯೆಯನ್ನು ಕುರಿತ ಅವರ ದೊಡ್ಡ ಗ್ರಂಥ ಅಚ್ಚಾಯಿತು. ಇಡೀ ದೇಶದ ರೂಪಾಯಿಗೆ ಲೆಕ್ಕ ಬರೆದವರ ಪತ್ರಿಕೆಗೇ ರೂಪಾಯಿ ಇರಲಿಲ್ಲ. ಸೋತು ಕೂತವರಲ್ಲ ಅವರು. 1927ರಲ್ಲಿ ಬಹಿಷ್ಕೃತ ಭಾರತ, 1930ರಲ್ಲಿ ಜನತಾ, 1956ರಲ್ಲಿ ಪ್ರಬುದ್ಧ ಭಾರತ. ನಡುವೆ 1925ರಲ್ಲಿ ನಮ್ಮ ಜಿಲ್ಲೆಯ ನಿಪ್ಪಾಣಿಗೂ ಬಂದುಹೋದರು. 1928ರ ನಂತರ ಅವರು ಮುಂದೆ ನಿಂತು ನಡೆಸಿದ ಹಾಸ್ಟೆಲುಗಳಲ್ಲಿ ಒಂದು ಧಾರವಾಡದಲ್ಲೇ ಇತ್ತು.

ಕನ್ನಡದಲ್ಲಿ ಇನ್ನೊಂದು ದಾರಿ ತೋರಿಸಿದವರು ಲಂಕೇಶ್. ಇಂಗ್ಲಿಷ್ ಮೇಷ್ಟ್ರು. 1980ರಲ್ಲಿ ಪತ್ರಿಕೆ ತೆಗೆದು ಜಾಹೀರಾತೇ ಬೇಡ ಅಂದರು, ಓದುವವನ ಕಾಸಿನಲ್ಲೇ ನಡೆಸಿದರು. ಆ ವರ್ಷಗಳಲ್ಲಿ ಮಂತ್ರಿಗಳು ವಾರಕ್ಕೊಮ್ಮೆ ಬೆವರುತ್ತಿದ್ದರು. ಎಲ್ಲರಿಗೂ ಆ ಗುಂಡಿಗೆ ಬರುವುದಿಲ್ಲ, ಅಷ್ಟು ಓದುಗರೂ ಎಲ್ಲರಿಗೂ ಸಿಗುವುದಿಲ್ಲ. ಅದಕ್ಕೇ ನಮ್ಮ ಎಷ್ಟೋ ಪತ್ರಿಕೆಗಳು ಮೂರನೇ ಸಂಚಿಕೆಗೆ ಮಣ್ಣಾದವು.

ಧಣಿಯ ಮನೆಯಲ್ಲಿ ಜಾಗವಾದರೂ ಇದೆಯೇನು? 2006ರಲ್ಲಿ ದಿಲ್ಲಿಯ 37 ಪತ್ರಿಕೆ, ಚಾನೆಲ್ಲುಗಳ 315 ಹಿರಿಯ ಹುದ್ದೆಗಳನ್ನು ಎಣಿಸಿದರು. ನಮ್ಮವನು ಒಬ್ಬನೂ ಇರಲಿಲ್ಲ, ಆದಿವಾಸಿಯೂ ಇರಲಿಲ್ಲ. 2019ರಲ್ಲಿ ಮತ್ತೆ 121 ಮುಖ್ಯ ಹುದ್ದೆ ಎಣಿಸಿದಾಗ 106 ಮೇಲ್ಜಾತಿಯವರದು, ನಮ್ಮದು ಮತ್ತೆ ಸೊನ್ನೆ. ಜರ್ನಲಿಸಂ ಎಂ.ಎ. ಮಾಡುತ್ತೇನೆ ಅನ್ನುವ ತಮ್ಮ, ತಂಗಿ, ಮಾಡ್ರಿ, ಬ್ಯಾಡ ಅನ್ನೂದಿಲ್ಲ. ಆದರ ಜೊತೆಗೆ ಒಬ್ಬರಾದರೂ ಬಿ.ಕಾಂ. ಓದ್ರಿ. ಬ್ಯಾಲೆನ್ಸ್ ಶೀಟು ಓದಲಿಕ್ಕೆ ಬರುವ ಹುಡುಗಿ ನಮಗೆ ಇನ್ನೊಬ್ಬ ಕವಿಗಿಂತ ಜರೂರು ಬೇಕು. ಕವಿಯಾಗಿಯೇ ಈ ಮಾತು ಬರೆಯುತ್ತಿದ್ದೇನೆ, ನಗಬೇಡಿ.

ಒಂದು ಕೆಲಸ ಈಗಲೇ ಆಗುವಂಥದ್ದಿದೆ. 1956ರ ನಿಯಮದಂತೆ ಪ್ರತಿ ಪತ್ರಿಕೆಯೂ ಫೆಬ್ರವರಿ ಮುಗಿದ ಮೇಲಿನ ಮೊದಲ ಸಂಚಿಕೆಯಲ್ಲಿ ‘ನಮೂನೆ 4’ ಎಂಬ ಸಣ್ಣ ಅಕ್ಷರದ ಹೇಳಿಕೆ ಅಚ್ಚು ಹಾಕಬೇಕಿತ್ತು. ಮುದ್ರಕ ಯಾರು, ಪ್ರಕಾಶಕ ಯಾರು, ಶೇಕಡಾ ಒಂದಕ್ಕಿಂತ ಹೆಚ್ಚು ಪಾಲಿರುವ ಒಡೆಯರು ಯಾರು, ಎಲ್ಲ ಅದರಲ್ಲಿ. 2024ರ ಮಾರ್ಚಿನಿಂದ ಹೊಸ ಕಾಯಿದೆ ಜಾರಿಗೆ ಬಂದಿದೆ, ಆದರೆ ಅದಕ್ಕೂ ಹಿಂದಿನ ಪತ್ರಿಕೆಗಳನ್ನು ಯಾರೂ ಸುಟ್ಟಿಲ್ಲ. ನಾಲ್ಕು ಊರಿನಿಂದ ನಾಲ್ಕು ಮಂದಿ ಬೆಳಗಾವಿ, ಧಾರವಾಡದ ಗ್ರಂಥಾಲಯಗಳಲ್ಲಿ ಮಾರ್ಚ್ ತಿಂಗಳ ಹಳೇ ಫೈಲು ಕೇಳಿ, ಹಾಸ್ಟೆಲಿಗೆ ಬರುವ ಒಂದೊಂದು ಪೇಪರಿನ ನಮೂನೆ 4ನ್ನು ವರ್ಷವಾರು ಬರೆದುಕೊಳ್ಳಲಿ. ಒಡೆಯನ ಹೆಸರಿನ ಜಾಗದಲ್ಲಿ ಕಂಪನಿಯ ಹೆಸರಿದ್ದರೆ ಆ ಕಂಪನಿಯ ಹಿಂದೆ ಯಾವ ಕಂಪನಿ ಇದೆ ಅನ್ನುವುದನ್ನೂ ಹುಡುಕಬೇಕು. ಅದಕ್ಕೇ ಬಿ.ಕಾಂ. ಹುಡುಗಿ ಬೇಕು ಅಂದದ್ದು. ಮುಂದಿನ ಸಭೆಗೆ ಆ ಪಟ್ಟಿ ತನ್ನಿ, ಹಾಸ್ಟೆಲಿನ ಗೋಡೆಯ ಮೇಲೆ ಪೇಪರು ಇಡುವ ಮೇಜಿನ ಪಕ್ಕದಲ್ಲೇ ಅಂಟಿಸೋಣ.