ಹಾದಿಯ ಲೆಕ್ಕ, ಹೊತ್ತಿನ ಲೆಕ್ಕ

ಪರೀಕ್ಷೆಯ ದಿನ ಉಮರ್ಗಾದಿಂದ ನಿಲಂಗಾ ಮಾರ್ಗವಾಗಿ ಉದಗೀರಕ್ಕೆ ಹೊರಟ ಒಂದು ಕುಟುಂಬವನ್ನು ಕಲ್ಪಿಸಿಕೊಳ್ಳಿ. ಮಗಳು ಬೆಳಿಗ್ಗೆ 10.30ಕ್ಕೆ ಪರೀಕ್ಷಾ ಕೇಂದ್ರದಲ್ಲಿರಬೇಕು. ಲೆಕ್ಕ ಸುಲಭವಾಗಲೆಂದು ಒಟ್ಟು ದೂರವನ್ನು 100 ಕಿ.ಮೀ. ಎಂದು ಇಟ್ಟುಕೊಳ್ಳೋಣ. ಮೊದಲ 50 ಕಿ.ಮೀ. ರಸ್ತೆ ಚೆನ್ನಾಗಿದೆ, ವಾಹನವು ಗಂಟೆಗೆ 50 ಕಿ.ಮೀ. ವೇಗದಲ್ಲಿ ಸಾಗುತ್ತದೆ. ಉಳಿದ 50 ಕಿ.ಮೀ.ಯಲ್ಲಿ ರಸ್ತೆ ಕೆಟ್ಟಿದೆ, ಮುಂದೆ ಕಬ್ಬಿನ ಗಾಡಿಗಳ ಸಾಲಿದೆ. ವೇಗ 25ಕ್ಕೆ ಇಳಿಯುತ್ತದೆ. ಮನೆಯಿಂದ ಎಷ್ಟು ಹೊತ್ತಿಗೆ ಹೊರಡಬೇಕು?

ಬಹಳ ಮಕ್ಕಳು, ಪಾಲಕರೂ ಸಹ, 50 ಮತ್ತು 25ನ್ನು ಕೂಡಿಸಿ ಎರಡರಿಂದ ಭಾಗಿಸುತ್ತಾರೆ. ಸರಾಸರಿ 37.5 ಬರುತ್ತದೆ. ಆ ವೇಗದಲ್ಲಿ 100 ಕಿ.ಮೀ.ಗೆ 2 ಗಂಟೆ 40 ನಿಮಿಷ, ಆದುದರಿಂದ 7.50ಕ್ಕೆ ಹೊರಟರೆ ಸಾಕೆಂದು ತೀರ್ಮಾನಿಸುತ್ತಾರೆ.

ಈಗ ಹೊತ್ತನ್ನು ಎಣಿಸಿ ನೋಡೋಣ. ಮೊದಲರ್ಧಕ್ಕೆ 1 ಗಂಟೆ, ಎರಡನೆಯ ಅರ್ಧಕ್ಕೆ 2 ಗಂಟೆ, ಒಟ್ಟು 3 ಗಂಟೆ. ಮಗಳು ಕೇಂದ್ರವನ್ನು ತಲುಪುವುದು 10.50ಕ್ಕೆ. ಇಪ್ಪತ್ತು ನಿಮಿಷ ತಡ! ನಿಜವಾದ ಸರಾಸರಿ ವೇಗ 100 ಭಾಗಿಸು 3, ಅಂದರೆ ಗಂಟೆಗೆ ಸುಮಾರು 33.3 ಕಿ.ಮೀ.

ತಪ್ಪಿದ್ದೆಲ್ಲಿ? ದೂರಗಳು ಸಮವಾಗಿದ್ದರೂ ಹೊತ್ತುಗಳು ಸಮವಾಗಿರಲಿಲ್ಲ. ನಿಧಾನದ ವೇಗದಲ್ಲಿ ನಾವು ಇಮ್ಮಡಿ ಹೊತ್ತು ಕಳೆದೆವು. ಆದ್ದರಿಂದ ಸರಾಸರಿಯಲ್ಲಿ ಅದರ ತೂಕವೂ ಇಮ್ಮಡಿ. ಎರಡೂ ವೇಗಗಳಲ್ಲಿ ಸಮನಾದ ಹೊತ್ತು ಸಾಗಿದ್ದರೆ ಮಾತ್ರ 37.5 ಸರಿಯಾದ ಉತ್ತರ. ಒಟ್ಟು ದೂರವನ್ನು ಒಟ್ಟು ಹೊತ್ತಿನಿಂದ ಭಾಗಿಸುವುದೊಂದೇ ಎಲ್ಲ ಸಂದರ್ಭಗಳಿಗೂ ಸಲ್ಲುವ ನಿಯಮ. ನಿಲಂಗಾದಲ್ಲಿ ಚಹಕ್ಕೆಂದು ಅರ್ಧ ಗಂಟೆ ನಿಂತರೆ ಅದೂ ಒಟ್ಟು ಹೊತ್ತಿಗೆ ಸೇರುತ್ತದೆ.

ತೂಕವಿಟ್ಟು ಸರಾಸರಿ ತೆಗೆಯುವ ಈ ವಿಧಾನ ನಮ್ಮ ಸೀಮೆಗೆ ಹೊಸದಲ್ಲ. ರಾಷ್ಟ್ರಕೂಟರು ತಮ್ಮನ್ನು ಲತ್ತಲೂರಿನ ಒಡೆಯರೆಂದು ಕರೆದುಕೊಂಡರು. ಆ ಊರನ್ನು ವಿದ್ವಾಂಸರು ಇಂದಿನ ಲಾತೂರೆಂದು ಗುರುತಿಸುತ್ತಾರೆ. ಆ ವಂಶದ ಅಮೋಘವರ್ಷ ನೃಪತುಂಗನ ಕಾಲದಲ್ಲಿ, 9ನೆಯ ಶತಮಾನದಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ 'ಗಣಿತಸಾರಸಂಗ್ರಹ'ವನ್ನು ರಚಿಸಿದನು. ಬೇರೆ ಬೇರೆ ಬಣ್ಣದ, ಅಂದರೆ ಶುದ್ಧತೆಯ, ಚಿನ್ನಗಳನ್ನು ಕರಗಿಸಿ ಕೂಡಿಸಿದಾಗ ದೊರೆಯುವ ಬಣ್ಣವೆಷ್ಟೆಂಬ ಲೆಕ್ಕ ಅದರಲ್ಲಿದೆ. ಪ್ರತಿಯೊಂದರ ಬಣ್ಣವನ್ನು ಅದರ ತೂಕದಿಂದ ಗುಣಿಸಿ, ಕೂಡಿಸಿ, ಒಟ್ಟು ತೂಕದಿಂದ ಭಾಗಿಸಬೇಕು. ಅಲ್ಲಿ ಚಿನ್ನದ ತೂಕ ಮಾಡುವ ಕೆಲಸವನ್ನೇ ಇಲ್ಲಿ ಹೊತ್ತು ಮಾಡುತ್ತದೆ.

ಪಾಲಕರು ಗಮನಿಸಬೇಕಾದ ಮಾತೊಂದಿದೆ. 100 ಕಿ.ಮೀ.ಯನ್ನು 2 ಗಂಟೆಯಲ್ಲಿ ಮುಗಿಸಬೇಕೆಂದು ಹೊರಟು, ಮೊದಲ 50 ಕಿ.ಮೀ.ಯನ್ನೇ 25ರ ವೇಗದಲ್ಲಿ ದಾಟಿದರೆ, ಆ 2 ಗಂಟೆಯೂ ಅಲ್ಲಿಯೇ ಮುಗಿದಿರುತ್ತದೆ. ಬಳಿಕ ಎಷ್ಟೇ ವೇಗವಾಗಿ ಓಡಿಸಿದರೂ ಹೊತ್ತಿಗೆ ತಲುಪಲಾಗದು. ಚಾಲಕನನ್ನು ಅವಸರಿಸುವುದರಿಂದ ಅಪಾಯವಷ್ಟೇ ಹೆಚ್ಚುತ್ತದೆ. ಮನೆಯಿಂದ ಬೇಗ ಹೊರಡುವುದೇ ಸರಿಯಾದ ದಾರಿ.

ಮಕ್ಕಳಿಗೆ ಈ ವಾರದ ಪ್ರಶ್ನೆ: ಉದಗೀರಕ್ಕೆ ಹೋಗುವಾಗ ಗಂಟೆಗೆ 60 ಕಿ.ಮೀ., ಅದೇ ಹಾದಿಯಲ್ಲಿ ಮರಳುವಾಗ 30 ಕಿ.ಮೀ. ದೂರವನ್ನು ಹೇಳಿಲ್ಲ. ಆದರೂ ಸರಾಸರಿ ವೇಗವನ್ನು ಹೇಳಬಹುದೇ? ಪಾಲಕರೊಡನೆ ಕುಳಿತು ಬಿಡಿಸಿರಿ.